ಸಿಂಹಾಸನವನ್ನು ಉರುಳಿಸಿದವರಾರು?

ರಷ್ಯದ ಝಾರ್ ದೊರೆಯ ಸಿಂಹಾಸನವನ್ನು ೧೯೧೭ರಲ್ಲಿ ಉರುಳಿಸಿದುದು ಬೀದಿಯ ಪುಂಡರ ಗುಂಪೆಂದು ಹೇಳುವವರುಂಟು. ಝಾರನ ರಾಣಿಯೂ ಅಂದು ಪತಿಗೆ ಹೀಗೆಯೇ ಬರೆದಳು. ಈ ಮಾತು ವಿಚಾರದ ಮುಂದೆ ನಿಲ್ಲಲಾರದು. ೧೯೦೫ರಲ್ಲಿಯೂ ರಾಜಧಾನಿಯಲ್ಲಿ ಜನರು ನೆರೆದಿದ್ದರು; ಅಂದು ಸೈನ್ಯವು ಗುಂಡು ಹಾರಿಸಿತು, ಸಿಂಹಾಸನವು ಉಳಿಯಿತು. ಹನ್ನೆರಡು ವರ್ಷಗಳಲ್ಲಿ ಬದಲಾದುದೇನು?

ಮಹಾಯುದ್ಧವು ಲಕ್ಷಾಂತರ ರೈತರನ್ನು ಹೊಲದಿಂದ ಎಬ್ಬಿಸಿ ಕೈಗೆ ಬಂದೂಕನ್ನು ಕೊಟ್ಟಿತು. ರೈಲು ಸಾಗಾಟವು ಕೆಟ್ಟು, ದೇಶದಲ್ಲಿದ್ದ ಧಾನ್ಯವು ಪೆಟ್ರೋಗ್ರಾಡಿಗೆ ಸಾಕಷ್ಟು ತಲುಪದಾಯಿತು. ೧೯೧೫ರಲ್ಲಿ ಎರಡನೆಯ ನಿಕೊಲಾಸನು ಸೇನಾಧಿಪತ್ಯವನ್ನು ತಾನೇ ವಹಿಸಿ, ಪ್ರತಿಯೊಂದು ಸೋಲಿನ ಹೊಣೆಯನ್ನೂ ತನ್ನ ತಲೆಗೆ ಕಟ್ಟಿಕೊಂಡನು. ೧೯೧೭ನೆಯ ಮಾರ್ಚಿ ೮ರಂದು, ರೊಟ್ಟಿಗಾಗಿ ಸಾಲು ನಿಂತು ಬಳಲಿದ್ದ ಗಿರಣಿಗಳ ಹೆಂಗಸರು ಬೀದಿಗಿಳಿದರು. ಡೂಮಾ ಸಭೆಯ ಅಧ್ಯಕ್ಷನಾದ ರೊಜ್ಯಾಂಕೊ ತಂತಿಯ ಮೂಲಕ ಎಚ್ಚರಿಸಿದರೂ ದೊರೆಯು ಕಿವಿಗೊಡಲಿಲ್ಲ. ೧೧ರಂದು ಅವನ ಆಜ್ಞೆಯಂತೆ ಜನರ ಮೇಲೆ ಗುಂಡು ಹಾರಿತು. ಹಾಗೆ ಹಾರಿಸಿದ ವೊಲಿನ್ಸ್ಕಿ ದಳದವರೇ ಮರುದಿನ ದಂಗೆಯೆದ್ದು ಜನರೊಡನೆ ಕೂಡಿದರು. ೧೫ರಂದು ನಿಕೊಲಾಸನು ಪಟ್ಟವನ್ನು ತ್ಯಜಿಸಿದನು. ೧೬೧೩ರಿಂದ ಆಳಿದ ರೊಮಾನೊವ್ ವಂಶಕ್ಕೆ ಮತ್ತೊಬ್ಬ ಅರಸನು ಆಗಲಿಲ್ಲ.

ಹಸಿದವನು ಅರಮನೆಯ ಬಾಗಿಲನ್ನು ತಟ್ಟಬಲ್ಲನು. ಅದನ್ನು ತೆರೆಯುವವನು ಕಾವಲುಗಾರನು. ಆ ಕಾವಲುಗಾರನ ಮನೆಯಲ್ಲಿಯೂ ಹಸಿವೆಯುಂಟೆಂಬುದನ್ನು ಮರೆತ ದೊರೆಯನ್ನು ಯಾವ ಕೋಟೆಯೂ ಕಾಯಲಾರದು.