ಓಡುವವನಿಗೆ ಹಾರ ಸಾಕೆ, ಕೂಲಿ ಬೇಡವೆ?

ನವೆಂಬರ್ ಒಂದರ ಬೆಳಿಗ್ಗೆ ಜಿಲ್ಲಾ ಕೇಂದ್ರಗಳಲ್ಲಿ ಈ ದೃಶ್ಯ ತಪ್ಪುವುದು ಅಪರೂಪ. ಬಸ್ ಸ್ಟ್ಯಾಂಡಿನ ಹತ್ತಿರದ ಸರ್ಕಲ್ಲಿನಲ್ಲಿ ಹಳ್ಳಿ ಹುಡುಗರು ಎದೆಗೆ ನಂಬರಿನ ಚೀಟಿ ಚುಚ್ಚಿಕೊಂಡು ನಿಂತಿರುತ್ತಾರೆ. ಎಷ್ಟೋ ಜನರ ಕಾಲಲ್ಲಿ ಬೂಟಿಲ್ಲ. ಆರು ಗಂಟೆಗೆ ಅಂದ ಓಟ ಶುರುವಾಗುವುದು ಎಂಟಕ್ಕೆ. ಬಾವುಟ ಬೀಸಬೇಕಾದ ಮುಖ್ಯ ಅತಿಥಿಗಳ ಸ್ನಾನ ಆಗಬೇಕಲ್ಲ! ದೂರ ಎಷ್ಟು ಅಂದರೆ ‘ಹತ್ತು ಕಿಲೋಮೀಟರ್’ ಅನ್ನುತ್ತಾರೆ. ಅಳೆದದ್ದು ಯಾರದೋ ಮೋಟಾರ್ ಸೈಕಲ್ಲಿನ ಮೀಟರು. ಲಾರಿ ಹೊಗೆ ಕುಡಿಯುತ್ತಾ ಓಡಿ ಮೊದಲು ಬಂದವನಿಗೆ ಒಂದು ಹಾರ, ಒಂದು ಕಪ್, ಹೆಸರು ತಪ್ಪು ಬರೆದ ಒಂದು ಸರ್ಟಿಫಿಕೇಟು. ಭಾಷಣಗಳೆಲ್ಲ ಮುಗಿದ ಮೇಲೆ ಆತ ಊರಿಗೆ ಹೋಗುವುದು ಸ್ವಂತ ದುಡ್ಡಿನ ಟಿಕೆಟ್ಟಿನಲ್ಲಿ.

ಮನೆಯಲ್ಲಿ ಅಪ್ಪ ಕೇಳುತ್ತಾನೆ: “ಇದನ್ನ ತಗೊಂಡು ಏನ್ಲಾ ಮಾಡೋದು? ಒಲೆ ಮೇಲಿಟ್ರೆ ಅನ್ನ ಬೇಯ್ತದಾ?”

ಅಪ್ಪನ ಪ್ರಶ್ನೆಯಲ್ಲಿ ತಪ್ಪಿಲ್ಲ. ತಪ್ಪು ಇರುವುದು ರಸ್ತೆ ಓಟವನ್ನು ಹಬ್ಬದ ದಿನದ ತಮಾಷೆ ಅಂದುಕೊಂಡ ದೊಡ್ಡ ಮನುಷ್ಯರಲ್ಲಿ. ಓಟ ಒಂದು ಕಸುಬು. ಕಸುಬು ಅಂದಮೇಲೆ ಕೂಲಿ ಬೇಕು.

ಈ ಹಾರದ ರೋಗ ಇಲ್ಲಿಯದಷ್ಟೇ ಅಲ್ಲ. ಅಮೆರಿಕದ ಬಾಸ್ಟನ್ ಮ್ಯಾರಥಾನ್ 1897ರಷ್ಟು ಹಳೆಯದು. ಅಲ್ಲಿಯೂ ಗೆದ್ದವನ ತಲೆಗೆ ಎಲೆಯ ಕಿರೀಟ, ಕೈಗೆ ಒಂದು ಬಟ್ಟಲು ಮಾಂಸದ ಸಾರು ಕೊಟ್ಟು ಕಳಿಸುವ ಕಾಲವಿತ್ತು. ದುಡ್ಡು ಮುಟ್ಟಿದರೆ ಆಟದ ಮಡಿ ಕೆಡುತ್ತದೆ ಅನ್ನುವ ವಾದ. ಬೇರೆ ನಗರಗಳು ಹಣ ಎಣಿಸತೊಡಗಿದಾಗ ಒಳ್ಳೆಯ ಓಟಗಾರರು ಅತ್ತ ತಿರುಗಿದರು. ಕೊನೆಗೆ 1986ರಲ್ಲಿ ಬಾಸ್ಟನ್ನೂ ಮಡಿ ಬಿಟ್ಟು ಬಹುಮಾನದ ಹಣ ಇಟ್ಟಿತು. ಆಟವೇನೂ ಕೆಡಲಿಲ್ಲ. ಆ ವರ್ಷವೇ ಆಸ್ಟ್ರೇಲಿಯಾದ ರಾಬರ್ಟ್ ಡಿ ಕ್ಯಾಸ್ಟೆಲ್ಲ 2 ಗಂಟೆ 7 ನಿಮಿಷ 51 ಸೆಕೆಂಡಿನಲ್ಲಿ ಓಡಿ ಅಲ್ಲಿನ ಹಳೆಯ ದಾಖಲೆ ಮುರಿದ.

ಈ ಕಸುಬು ಹೇಗಿರುತ್ತದೆ ಅಂತ ತಿಳಿಯಬೇಕಾದವರು ಕೀನ್ಯಾದ ಎಲಿಯುಡ್ ಕಿಪ್ಚೋಗೆಯ ಬದುಕು ನೋಡಬೇಕು. 1984ರಲ್ಲಿ ನಾಂಡಿ ಸೀಮೆಯ ಹಳ್ಳಿಯಲ್ಲಿ ಹುಟ್ಟಿದವ. ತಂದೆ ಬೇಗ ತೀರಿಕೊಂಡ. ತಾಯಿ ಶಿಶುವಿಹಾರದ ಮೇಡಂ. ಹುಡುಗ ಸೈಕಲ್ಲಿನಲ್ಲಿ ಹಾಲು ಹೊತ್ತು ಮಾರುತ್ತಿದ್ದ. ನೆರೆಯವನಾದ ಪ್ಯಾಟ್ರಿಕ್ ಸಾಂಗ್ 1992ರ ಬಾರ್ಸಿಲೋನಾ ಒಲಿಂಪಿಕ್ಸಿನಲ್ಲಿ ಬೆಳ್ಳಿ ಗೆದ್ದವನು. ಹುಡುಗ ಅವನ ಹತ್ತಿರ ಹೋಗಿ ‘ಎಷ್ಟು ಓಡಬೇಕು ಹೇಳಿಕೊಡಿ’ ಅಂದ. ಅಲ್ಲಿಂದ ಇಬ್ಬರದೂ ಗುರು-ಶಿಷ್ಯ ಸಂಬಂಧ.

2003ರಲ್ಲಿ, 18ರ ವಯಸ್ಸಿಗೇ, ಪ್ಯಾರಿಸ್ಸಿನಲ್ಲಿ 5,000 ಮೀಟರ್ ವಿಶ್ವ ಚಾಂಪಿಯನ್ ಆದ. 2004ರ ಒಲಿಂಪಿಕ್ಸಿನಲ್ಲಿ ಕಂಚು, 2008ರಲ್ಲಿ ಬೆಳ್ಳಿ. ಆದರೆ 2012ರಲ್ಲಿ ಲಂಡನ್ನಿಗೆ ಹೋಗುವ ತಂಡದಲ್ಲಿ ಜಾಗವೇ ಸಿಗಲಿಲ್ಲ. ಇಲ್ಲಿಯಾಗಿದ್ದರೆ ‘ಮುಗೀತು ಕಣಯ್ಯಾ ನಿನ್ನ ಕಥೆ’ ಅನ್ನುತ್ತಿದ್ದರು. ಅವನು ಟ್ರ್ಯಾಕು ಬಿಟ್ಟು ರಸ್ತೆಗೆ ಇಳಿದ. 2013ರಲ್ಲಿ ಹ್ಯಾಂಬರ್ಗಿನ ಮೊದಲ ಮ್ಯಾರಥಾನನ್ನೇ ಗೆದ್ದ. 2014ರಿಂದ 2019ರವರೆಗೆ ಸತತ ಹತ್ತು ಮ್ಯಾರಥಾನ್ ಗೆದ್ದ. 2016ರಲ್ಲಿ ದಿಲ್ಲಿಗೂ ಬಂದು ಹಾಫ್ ಮ್ಯಾರಥಾನ್ ಗೆದ್ದು ಹೋದ. ರಿಯೊ, ಟೋಕಿಯೊ ಎರಡೂ ಒಲಿಂಪಿಕ್ಸಿನಲ್ಲಿ ಚಿನ್ನ. 2022ರಲ್ಲಿ ಬರ್ಲಿನ್ನಿನಲ್ಲಿ 2:01:09ರ ವಿಶ್ವದಾಖಲೆ.

ಇದು ಬರೀ ಪದಕದ ಲೆಕ್ಕ ಅಲ್ಲ, ಬೇಸಾಯದ ಲೆಕ್ಕ. ಮ್ಯಾರಥಾನ್ ಓಟಗಾರನಿಗೆ ವರ್ಷಕ್ಕೆ ಹೆಚ್ಚುಕಡಿಮೆ ಎರಡೇ ಫಸಲು, ವಸಂತದಲ್ಲೊಂದು, ಶರತ್ಕಾಲದಲ್ಲೊಂದು. ಒಂದೊಂದಕ್ಕೂ ತಿಂಗಳುಗಟ್ಟಲೆ ಉಳುಮೆ. ಓಟಕ್ಕೆ ಬಂದದ್ದಕ್ಕೆ ಇಷ್ಟು, ಗೆದ್ದರೆ ಇಷ್ಟು, ದಾಖಲೆ ಮಾಡಿದರೆ ಇಷ್ಟು, ಬೂಟಿನ ಕಂಪನಿಯಿಂದ ಇಷ್ಟು. ಅದರಲ್ಲಿ ಏಜೆಂಟನ ಪಾಲು, ತೆರಿಗೆ ಕಳೆಯಬೇಕು. ಗೆಲ್ಲದವನಿಗೂ ಕೆಲಸ ಉಂಟು: ಮುಂದೆ ಓಡಿ ವೇಗ ಹಿಡಿಸಿಕೊಡುವ ಪೇಸ್‌ಮೇಕರ್‌ಗೂ ಕೂಲಿ ಸಿಗುತ್ತದೆ. 2019ರಲ್ಲಿ ವಿಯೆನ್ನಾದಲ್ಲಿ ಕಿಪ್ಚೋಗೆ 1:59:40ಕ್ಕೆ ಮ್ಯಾರಥಾನ್ ದೂರ ಮುಗಿಸಿದಾಗ ಸರದಿಯಲ್ಲಿ ಜೊತೆ ಕೊಟ್ಟವರು 41 ಜನ. ಆ ಕಾರಣಕ್ಕೇ ಅದು ದಾಖಲೆಯ ಪುಸ್ತಕ ಸೇರಲಿಲ್ಲ. ಅಷ್ಟೆಲ್ಲ ಗಳಿಸಿದ ಮೇಲೂ ಅವನು ಕಪ್ಟಗಾಟ್‌ನ ಶಿಬಿರದಲ್ಲೇ ವಾರವೆಲ್ಲ ಇದ್ದು, ಸರದಿ ಬಂದಾಗ ಕಕ್ಕಸು ತೊಳೆಯುತ್ತಿದ್ದ. ಹೆಂಡತಿ ಮಕ್ಕಳ ಮುಖ ನೋಡುವುದು ವಾರದ ಕೊನೆಗೆ.

ಈ ಬೇಸಾಯಕ್ಕೆ ವಿಮೆಯೂ ಇಲ್ಲ, ಪಿಂಚಣಿಯೂ ಇಲ್ಲ. ಕಿಪ್ಚೋಗೆಯ ದಾಖಲೆಯನ್ನು 2023ರ ಅಕ್ಟೋಬರಿನಲ್ಲಿ ಷಿಕಾಗೋದಲ್ಲಿ ಮುರಿದವನು ಅದೇ ಕೀನ್ಯಾದ ಕೆಲ್ವಿನ್ ಕಿಪ್ಟಮ್, ಸಮಯ 2:00:35. ಅದು ಅವನ ಮೂರನೇ ಮ್ಯಾರಥಾನ್. ನಾಲ್ಕನೆಯದು ಓಡಲಿಲ್ಲ. 2024ರ ಫೆಬ್ರವರಿಯಲ್ಲಿ ಕಾರು ಅಪಘಾತದಲ್ಲಿ ತನ್ನ ಕೋಚ್ ಸಮೇತ ತೀರಿಹೋದ. ವಯಸ್ಸು 24. ಅದೇ ವರ್ಷ ಪ್ಯಾರಿಸ್ ಒಲಿಂಪಿಕ್ಸಿನಲ್ಲಿ 39ರ ಕಿಪ್ಚೋಗೆ ಅರ್ಧದಲ್ಲೇ ಓಟ ನಿಲ್ಲಿಸಿ, ಬೂಟು ಬಿಚ್ಚಿ ನೋಡುತ್ತಿದ್ದ ಜನರಿಗೆ ಕೊಟ್ಟ. ಇಪ್ಪತ್ತು ವರ್ಷ ಕಾಲು ನಡೆಸಿಕೊಟ್ಟದ್ದು ಅಪರೂಪದವರಿಗೆ. ಉಳಿದವರ ಸುಗ್ಗಿ ನಾಲ್ಕಾರು ವರ್ಷದ್ದು. ಆದ್ದರಿಂದಲೇ ಕೂಲಿ ಹೊತ್ತಿಗೆ ಸರಿಯಾಗಿ ಕೈಗೆ ಸಿಗಬೇಕು.

ಇಂಥ ಕಾಲು ಈ ದೇಶದಲ್ಲಿ ಇಲ್ಲವೆ? ಬಿಹಾರದ ಶಿವನಾಥ ಸಿಂಗ್ ಸೈನ್ಯದಲ್ಲಿದ್ದವರು, ಬರಿಗಾಲಲ್ಲಿ ಓಡುವುದಕ್ಕೆ ಹೆಸರಾದವರು. 1976ರ ಮಾಂಟ್ರಿಯಲ್ ಒಲಿಂಪಿಕ್ಸ್ ಮ್ಯಾರಥಾನಿನಲ್ಲಿ 11ನೆಯವರಾದರು. 1978ರಲ್ಲಿ ಜಲಂಧರಿನಲ್ಲಿ 2 ಗಂಟೆ 12 ನಿಮಿಷಕ್ಕೆ ಮುಗಿಸಿದರು. 41 ವರ್ಷ ಕಳೆದು, 2019ರಲ್ಲಿ, ಟಿ. ಗೋಪಿ ಸೋಲ್‌ನಲ್ಲಿ ಓಡಿದ್ದು 2:13:39. ಬೂಟು ಬಂತು, ವಿಜ್ಞಾನ ಬಂತು, ಆ ಬರಿಗಾಲ ಮನುಷ್ಯನ ಸಮಯ ಮಾತ್ರ ಅಷ್ಟು ವರ್ಷ ಕೈಗೆ ಸಿಗಲಿಲ್ಲ.

ಕಾರಣ ಬಹಳ ದೂರ ಇಲ್ಲ. ಇಲ್ಲಿ ಓಟ ಅಂದರೆ ಏಣಿ; ಸೈನ್ಯ, ಪೊಲೀಸ್, ರೈಲ್ವೆ ನೌಕರಿ ಅಂದರೆ ಅಟ್ಟ. ಅಟ್ಟ ಹತ್ತಿದ ಮೇಲೆ ಏಣಿ ಯಾರಿಗೆ ಬೇಕು? ಹುಡುಗರದ್ದು ತಪ್ಪಲ್ಲ, ಮನೆ ನಡೀಬೇಕಲ್ಲ ಸ್ವಾಮಿ.

ದುಡ್ಡು ಬಂದರೆ ಮೋಸವೂ ಬರುತ್ತದೆ ಅನ್ನುವವರಿದ್ದಾರೆ. ನಿಜ. ಕೀನ್ಯಾದಲ್ಲೂ ಮದ್ದು ತೆಗೆದುಕೊಂಡು ಸಿಕ್ಕಿಬಿದ್ದವರು ಬೇಕಾದಷ್ಟು ಜನ ಇದ್ದಾರೆ. ಅದಕ್ಕೆ ಪರೀಕ್ಷೆ ಮಾಡಬೇಕು, ಶಿಕ್ಷೆ ಕೊಡಬೇಕು. ಕಳ್ಳ ಬರುತ್ತಾನೆ ಅಂತ ಯಾರೂ ಹೊಲ ಬಿತ್ತದೆ ಬಿಡುವುದಿಲ್ಲ.

ಬೆಂಗಳೂರಿನಲ್ಲಿ 2008ರಿಂದ ಹತ್ತು ಕಿಲೋಮೀಟರಿನ ಅಂತರರಾಷ್ಟ್ರೀಯ ಓಟ ನಡೆಯುತ್ತಾ ಬಂದಿದೆ. ರಸ್ತೆ ಅಳೆದು, ವಾಹನ ತಡೆದು, ಬಹುಮಾನದ ಮೊತ್ತ ಮೊದಲೇ ಹೇಳಿ ಓಡಿಸುತ್ತಾರೆ. ಜಿಲ್ಲೆಯಲ್ಲಿ ಅಷ್ಟು ಲಕ್ಷ ಬೇಡ. ಪೆಂಡಾಲು, ಫ್ಲೆಕ್ಸು, ಗಣ್ಯರ ಹಾರದ ಖರ್ಚು ಅರ್ಧ ಮಾಡಿದರೆ ಸಾಕು. ಮೊದಲ ಹತ್ತು ಹುಡುಗರಿಗೆ, ಅಷ್ಟೇ ಹುಡುಗಿಯರಿಗೆ ಸಮನಾದ ನಗದು ಅಂದೇ ಕೊಡಿ. ರಸ್ತೆಯನ್ನು ಸರಿಯಾಗಿ ಅಳೆಯಿರಿ, ಇಲ್ಲವಾದರೆ ಹುಡುಗ ಓಡಿದ ಸಮಯಕ್ಕೆ ಬೆಲೆಯೇ ಇಲ್ಲ. ಓಟ ಬಿಸಿಲಿಗೆ ಮುಂಚೆ ಮುಗಿಯಲಿ. ದೂರದೂರಿಂದ ಬಂದವರಿಗೆ ಬಸ್ ಚಾರ್ಜು, ಒಂದು ಊಟ.

ಮುಖ್ಯ ಅತಿಥಿಗಳು ಬರುವುದು ತಡವಾದರೆ? ಅವರನ್ನು ಬಿಟ್ಟು ಓಟ ಶುರುಮಾಡಿ. ಹಾರ ಬೇಕಾದವರು ನಿಧಾನಕ್ಕೆ ಬರಲಿ, ಕೂಲಿ ಬೇಕಾದವನು ಅಷ್ಟರಲ್ಲಿ ಓಡಿ ಮುಗಿಸಿರುತ್ತಾನೆ. ಅವತ್ತು ಆ ಅಪ್ಪ ಒಲೆಯ ಪ್ರಶ್ನೆ ಕೇಳುವುದಿಲ್ಲ. ‘ಮುಂದಿನ ಓಟ ಯಾವಾಗ್ಲಾ?’ ಅಂತ ಕೇಳುತ್ತಾನೆ.