ಕತ್ತಲೆಯ ಬೆಲೆ ಗೊತ್ತಿದ್ದ ಕ್ಯಾಮೆರಾಮನ್

ಕಳೆದ ತಿಂಗಳು ಭಾಲ್ಕಿಯಲ್ಲಿ ಕಾಕಾನ ಮಗಳ ಮದುವೆ. ನನಗೆ ಕ್ಯಾಮೆರಾ ಹುಚ್ಚು ಅಂತ ಎಲ್ಲರಿಗೂ ಗೊತ್ತು, ಹಾಗಾಗಿ ಅರಿಶಿನದ ವಿಡಿಯೊ ನನ್ನ ಪಾಲಿಗೇ ಬಂತು. ಎರಡು ಎಲ್‌ಇಡಿ ಲೈಟ್ ಹಚ್ಚಿ, ಮೂಲೆಮೂಲೆಯನ್ನೂ ಬೆಳಗಿಸಿಬಿಟ್ಟೆ. ವಿಡಿಯೊ ನೋಡಿದ ಕಾಕಿ ಹೇಳಿದ್ದು ಒಂದೇ ಮಾತು: "ಎಲ್ಲಾ ಚಂದ ಕಾಣ್ಲತ್ತದ. ಖರೆ, ನನ್ ಮಗಳ ಕಣ್ಣಾಗಿನ ನೀರು ಎಲ್ಲಿ ಹೋಯ್ತೋ?"

ಬೀದರ್‌ಗೆ ಮರಳುವ ಬಸ್ಸಿನಲ್ಲಿ ಬೇಜಾರಾಗಿ ಫೋನ್ ತೆಗೆದರೆ 'ಕಾಗಜ್ ಕೆ ಫೂಲ್' ಚಿತ್ರದ ಹಾಡು ಸಿಕ್ಕಿತು. 1959ರ ಚಿತ್ರ, ಭಾರತದ ಮೊದಲ ಸಿನಿಮಾಸ್ಕೋಪ್. ಖಾಲಿ ಸ್ಟುಡಿಯೊದ ಕತ್ತಲೆಗೆ ಮೇಲಿಂದ ಬೆಳಕಿನ ಒಂದು ಕಂಬ ಇಳಿದಿದೆ. ಗುರುದತ್, ವಹೀದಾ ರೆಹಮಾನ್ ಆಚೆ ಈಚೆ ನಿಂತಿದ್ದಾರೆ. ಆ ಕಂಬವನ್ನು ನಿಲ್ಲಿಸಿದವರು ನಮ್ಮ ಮೈಸೂರಿನ ವಿ.ಕೆ. ಮೂರ್ತಿ! ಹೊರಗಿನ ಬಿಸಿಲನ್ನು ದೊಡ್ಡ ಕನ್ನಡಿಯಲ್ಲಿ ಹಿಡಿದು, ಒಳಗೆ ಎತ್ತರದಲ್ಲಿದ್ದ ಇನ್ನೊಂದು ಕನ್ನಡಿಗೆ ಹಾಯಿಸಿ, ಅಲ್ಲಿಂದ ಕೆಳಗಿಳಿಸಿದ್ದರು.

1923ರಲ್ಲಿ ಹುಟ್ಟಿದ ಮೂರ್ತಿ ಛಾಯಾಗ್ರಹಣ ಕಲಿತದ್ದು ಬೆಂಗಳೂರಿನ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ. 1951ರ 'ಬಾಜಿ'ಯಲ್ಲಿ ಅವರಿನ್ನೂ ಸಹಾಯಕ. ಅಲ್ಲಿ ಕಷ್ಟದ ಶಾಟ್ ಒಂದನ್ನು ತೆಗೆದು ತೋರಿಸಿದ್ದೇ ತಡ, ಗುರುದತ್ ಅವರನ್ನು ಬಿಡಲಿಲ್ಲ. ಮರುವರ್ಷದ 'ಜಾಲ್'ಗೆ ಮೂರ್ತಿಯೇ ಕ್ಯಾಮೆರಾಮನ್. ಮುಂದೆ 'ಪ್ಯಾಸಾ', 'ಸಾಹಿಬ್ ಬೀಬಿ ಔರ್ ಗುಲಾಮ್'. 1993ರಲ್ಲಿ ಕನ್ನಡದ 'ಹೂವು ಹಣ್ಣು' ಚಿತ್ರಕ್ಕೂ ಕ್ಯಾಮೆರಾ ಹಿಡಿದರು. 2008ನೇ ಸಾಲಿನ ಫಾಲ್ಕೆ ಪ್ರಶಸ್ತಿ ಅವರಿಗೆ ಬಂತು, ಛಾಯಾಗ್ರಾಹಕರೊಬ್ಬರಿಗೆ ಅದೇ ಮೊದಲು. 2014ರಲ್ಲಿ ಬೆಂಗಳೂರಿನಲ್ಲಿ ತೀರಿಕೊಂಡರು.

ಆ ಹಾಡನ್ನು ಮತ್ತೆ ಮತ್ತೆ ನೋಡಿದಾಗ ನಮ್ಮೂರಿನ ಬಿದರಿ ನೆನಪಾಯಿತು. ಬೆಳ್ಳಿ ಕೂರಿಸಿದ ಹೂಜಿ ಮೊದಲು ಮಂಕಾಗಿಯೇ ಇರುತ್ತದೆ. ಕೋಟೆಯ ಮಣ್ಣು, ನವಸಾಗರ ಬೆರೆಸಿದ ನೀರಿನಲ್ಲಿ ಲೋಹ ಕಪ್ಪಾದ ಮೇಲೆಯೇ ಬೆಳ್ಳಿ ಎದ್ದು ಕಾಣೋದು. ನಾನು ಭಾಲ್ಕಿಯಲ್ಲಿ ಅಳಿಸಿಹಾಕಿದ್ದು ಆ ಕಪ್ಪನ್ನೇ.

ಮುಂದಿನ ಭಾನುವಾರ ಔರಾದಕ್ಕೆ ಹೋದೆ. ಆಯಿ ಹೊಸ್ತಿಲ ಹತ್ತಿರ ಕೂತು ತೊಗರಿಬೇಳೆ ಆರಿಸುತ್ತಿದ್ದಳು. ಅಭ್ಯಾಸಬಲದಿಂದ ಲೈಟ್ ಹಚ್ಚಿದೆ. "ಅದು ಬಂದ್ ಮಾಡೋ, ಕಣ್ಣು ಕುಕ್ಕಲತ್ತಾವ್" ಅಂದಳು. ಆರಿಸಿದೆ. ಬಾಗಿಲಿಂದ ಬರುವ ಸಂಜೆ ಬಿಸಿಲು ಅವಳ ಕೆನ್ನೆಗೆ ತಾಗುವ ತನಕ ಸುಮ್ಮನೆ ಕೂತೆ. ಅರ್ಧ ಮುಖ ಕತ್ತಲೆಯಲ್ಲಿ, ಇನ್ನರ್ಧದಲ್ಲಿ ಎಂಬತ್ತು ವರ್ಷದ ಗೆರೆಗಳು. ಒಂದೇ ಫೋಟೊ ತೆಗೆದು ಕಾಕಿಗೆ ಕಳಿಸಿದೆ.

ಐದು ನಿಮಿಷಕ್ಕೆ ಫೋನ್ ಬಂತು. "ಇವರು ನೋಡು ನಮ್ಮತ್ತಿ!" ಅಂದಳು ಕಾಕಿ.

ಖುಷಿಯಾಯಿತು. ಆದರೆ ತಂಗಿಯ ಅರಿಶಿನದ ದಿನ ಮತ್ತೆ ಬರೋದಿಲ್ಲ. ನಿಮ್ಮ ಮನೆಯಲ್ಲೂ ಅಂಥ ದಿನ ಬಂದರೆ, ರಿಂಗ್ ಲೈಟ್ ಹಚ್ಚುವ ಮೊದಲು ಕಿಟಕಿ ಎಲ್ಲಿದೆ ಅಂತ ಒಮ್ಮೆ ನೋಡಿ.