ಹೆಸರೊಂದೇ ಸಾಲದು

ಹಾರೂಗೇರಿಯ ನಮ್ಮ ಮನೆಯ ಹಳೆಯ ಗಣಕಯಂತ್ರದಲ್ಲಿ ಜಾಗ ಉಳಿಸಲೆಂದು, ಬೇರೆ ಬೇರೆ ಫೋಲ್ಡರುಗಳಲ್ಲಿದ್ದ ಒಂದೇ ಹೆಸರಿನ ಎರಡು ಡಿಎಲ್‌ಎಲ್ ಕಡತಗಳಲ್ಲಿ ಒಂದನ್ನು ಅಳಿಸಿಬಿಟ್ಟೆ. ಮರುದಿನ ಲೆಕ್ಕಪತ್ರದ ತಂತ್ರಾಂಶ ತೆರೆಯಲೇ ಇಲ್ಲ.

ಡಿಎಲ್‌ಎಲ್ ಎಂದರೆ ಹಲವು ತಂತ್ರಾಂಶಗಳು ಹಂಚಿಕೊಂಡು ಬಳಸಬಹುದಾದ ಕಡತ. ಕನ್ನಡದ್ದೇ ಉದಾಹರಣೆ ನೋಡಿ: ನಮ್ಮ ಒತ್ತಕ್ಷರಗಳನ್ನು ಜೋಡಿಸುವ ಯುಎಸ್‌ಪಿ10.ಡಿಎಲ್‌ಎಲ್ ವಿಂಡೋಸ್ ಎಕ್ಸ್‌ಪಿಯ ಸಿಸ್ಟಂ32 ಫೋಲ್ಡರಿನಲ್ಲಿ ಒಂದಿದ್ದರೆ, ಆಫೀಸ್ 2003 ತನ್ನದೇ ಇನ್ನೊಂದನ್ನು ತರುತ್ತಿತ್ತು. ಹೆಸರು ಒಂದೇ, ಆವೃತ್ತಿ ಬೇರೆ. ತರಗತಿಯಲ್ಲಿ ಇಬ್ಬರು ಬಸವರಾಜರಿದ್ದರೆ ತಂದೆಯ ಹೆಸರು, ಅಡ್ಡಹೆಸರು ನೋಡಿಯೇ ಹಾಜರಿ ಹಾಕುತ್ತಿದ್ದೆನಲ್ಲವೇ? ಕಡತಗಳನ್ನೂ ಹಾಗೆಯೇ ಆವೃತ್ತಿ, ತಯಾರಕರು, ಇರುವ ಸ್ಥಳ ನೋಡಿ ವಿಂಗಡಿಸಬೇಕೆಂಬುದು ನನ್ನ ಅಭಿಪ್ರಾಯ.

ಅದೇ ಹೆಸರಿನ ಕಡತವನ್ನು ಅಂತರಜಾಲದಿಂದ ಇಳಿಸಿಕೊಳ್ಳಿರೆಂದು ಕೆಲವರು ಸಲಹೆಯಿತ್ತರು. ನಾನು ಒಪ್ಪದೆ, ಮೂಲ ಸಿ.ಡಿ.ಯಿಂದಲೇ ತಂತ್ರಾಂಶವನ್ನು ಮರುಸ್ಥಾಪಿಸಿದೆ.